ನಾನಾನ ಟೋಪಿ

ಹಲಸೂರಿನ ಹಳೇ ಓಣಿಯಲ್ಲಿ, ಒಂದು ಕಾಲಕ್ಕೆ ಮನೆಯೊಡತಿ ಆಂಜನಮ್ಮನ ದನದ ಕೊಟ್ಟಿಗೆಯಾಗಿದ್ದ ಬಾಡಿಗೆ ಕೋಣೆಯೇ ಫಹ್ಮಿದಾಳ ಸ್ಟುಡಿಯೋ. ಬೊಂಬೆಯನ್ನು ಕೂದಲೆಳೆಯಷ್ಟು ಸರಿಸಬೇಕು, ಒಂದು ಫೋಟೋ ತೆಗೆಯಬೇಕು, ಮತ್ತೆ ಸರಿಸಬೇಕು. ಹೀಗೆ ಮಕ್ಕಳಿಗೆ ಬೊಂಬೆ ಸಿನಿಮಾ ಮಾಡುತ್ತಲೇ ಅವಳ ತಲೆ ನರೆತಿತ್ತು.

ಮಧ್ಯಾಹ್ನ ಊಟಕ್ಕೆ ಶಿವಾಜಿನಗರದ ಮನೆಗೆ ಹೋಗಿ ಬಂದವಳು ಬೀಗ ತೆಗೆದಳು. ಹೊಸ ಸರಣಿಯ ಬೊಂಬೆ, ನಮಾಜಿನ ಟೋಪಿಯ ಬೇಕರಿ ತಾತ ನಾನಾ, ಮೇಜಿನ ಮೇಲೆ ಬನ್ನಿಗೆ ಹಿಟ್ಟು ನಾದುತ್ತಾ ನಿಂತಿದ್ದ. ಆದರೆ ಬಿಟ್ಟುಹೋದಾಗಿನ ಫೋಟೋ ಪಕ್ಕ ಇಟ್ಟು ನೋಡಿದರೆ, ಬಗ್ಗಿದ್ದ ತಲೆ ಎದ್ದಿತ್ತು. ಟೋಪಿಗೆ ಚುಚ್ಚಿದ್ದ ಗುಂಡುಸೂಜಿ ಬಲಗಿವಿಯಿಂದ ಎಡಗಿವಿಯ ಕಡೆ ಬಂದಿತ್ತು. ಯಾರೋ ಟೋಪಿ ತೆಗೆದು ಮತ್ತೆ ಹಾಕಿದ್ದಾರೆ.

ಇನ್ನೊಂದು ಕೀಲಿ ಇದ್ದದ್ದು ಆಂಜನಮ್ಮನ ಹತ್ತಿರ. ಮೊನ್ನೆ ಆಕೆ ಬಾಗಿಲಲ್ಲಿ ನಿಂತು, "ಈ ತಾತಂಗೆ ಟೋಪಿ ಯಾಕವ್ವಾ?" ಎಂದು ನಕ್ಕಿದ್ದಳು. ಆ ನಗೆಯನ್ನು ಫಹ್ಮಿದಾ ಈಗ ತಿರುಗಿಸಿ ಮುರುಗಿಸಿ ನೋಡಿದಳು. ಈ ಕಾಲದಲ್ಲಿ ಯಾರ ನಗೆಯನ್ನು ನಂಬುವುದು?

"ಆಂಜನಮ್ಮನೋರೇ, ಒಳಗೆ ಯಾಕೆ ಹೋಗಿದ್ರಿ?"

ಸೊಪ್ಪು ಬಿಡಿಸುತ್ತಿದ್ದ ಕೈ ನಿಂತಿತು. "ನಾನೆಲ್ಲಿ ಹೋದೆ? ನಿಮ್ ಬೊಂಬೆ ಕಣ್ಣು ಕಂಡ್ರೇ ನಂಗೆ ಭಯ."

"ಕೀಲಿ ನಿಮ್ಮತ್ರ ತಾನೇ ಇರೋದು?"

"ಇಸ್ಕೊಂಡೋಗಿದ್ದು ನಿಮ್ ಅಫ್ತಾಬು! ಆಪಾನೇ ಕಳ್ಸಿದ್ರು ಅಂದ. ನಿಮ್ಮೋನೇ ಅಲ್ವಾ ಅಂತ ಕೊಟ್ಟೆ."

ಅಫ್ತಾಬ್ ಆಪಾ, ಅಕ್ಕಾ ಎನ್ನುತ್ತಲೇ ಅವಳ ಬಳಿ ಕೆಲಸ ಕಲಿತವನು. ಈಗ ಈ ಸರಣಿ ಮಾಡಿಸುತ್ತಿರುವ ಚಾನೆಲ್ಲಿನಲ್ಲಿ ದೊಡ್ಡ ಕುರ್ಚಿ. ಹೋದ ವಾರ ಟೋಪಿ ತೆಗೆಯಿರಿ ಎಂದವನೂ ಅವನೇ. ಅವಳು ಆಗಲ್ಲ ಎಂದಿದ್ದಳು.

ಫೋನಿನಲ್ಲಿ ಅವನು ಮುಚ್ಚಿಡಲಿಲ್ಲ. "ಟೋಪಿ ಇಲ್ಲದ ತಲೆಯ ಫೋಟೋ ಎಲ್ಲಾ ಕಡೆಯಿಂದ ತಗೊಂಡೆ ಆಪಾ. ಇನ್ನು ನಾನಾನ್ನ ಕಂಪ್ಯೂಟರೇ ಆಡಿಸುತ್ತೆ. ಟೋಪಿ ಇದ್ರೆ ಮೇಲಿನೋರು ಬಿಡಲ್ಲ. ನಿಮ್ ಹೆಸರು ಹಾಕೇ ಹಾಕ್ತೀವಿ."

"ನಿನ್ನ ಅಬ್ಬಾ ಟೋಪಿ ಹಾಕ್ಕೊಂಡೇ ಅಲ್ವೇನೋ ನಿನ್ನನ್ನ ಸ್ಕೂಲಿಗೆ ಬಿಡ್ತಿದ್ದಿದ್ದು?"

ಅವಳು ಫೋನ್ ಇಟ್ಟಳು.

ಫಹ್ಮಿದಾ ನಾನಾನ ತಲೆಯನ್ನು ಮೊದಲಿನಂತೆ ಬಗ್ಗಿಸಲಿಲ್ಲ. ಎದ್ದ ತಲೆಯಿಂದಲೇ ಒಂದೊಂದೇ ಫೋಟೋ ತೆಗೆಯುತ್ತಾ ಮುಂದುವರಿಸಿದಳು. ತೆರೆಯ ಮೇಲೆ ನಾನಾ ನಾದುವುದನ್ನು ನಿಲ್ಲಿಸಿದ. ಕತ್ತು ಚೂರುಚೂರೇ ಬಾಗಿಲ ಕಡೆ ತಿರುಗಿತು. ಹಿಟ್ಟು ಮೆತ್ತಿದ ಕೈ ಮೇಲೆದ್ದು ಟೋಪಿಯನ್ನು ಒತ್ತಿ ಹಿಡಿಯಿತು. ಆ ಶಾಟನ್ನು ಅಫ್ತಾಬನಿಗೆ ಕಳಿಸಿ ಬರೆದಳು: "ಇದನ್ನೂ ಕಂಪ್ಯೂಟರಿಗೆ ತೋರಿಸು. ಇನ್ನು ನಾನಾ ನಿಮ್ಮಲ್ಲಿ ಕೆಲಸಕ್ಕಿಲ್ಲ. ಅವನ ಸಿನಿಮಾ ಟೋಪಿ ಸಮೇತ ನಮ್ಮ ಗಲ್ಲಿ ಗೋಡೆ ಮೇಲೆ ಓಡುತ್ತೆ."

ಸಂಜೆ ಅವಳು ಹೊಸ ಬೀಗ ತಂದು, ಕೀಲಿಯೊಂದನ್ನು ಆಂಜನಮ್ಮನ ಮುಂದೆ ಹಿಡಿದಳು.

"ನಂಗೆ ಬ್ಯಾಡಪ್ಪ," ಆಂಜನಮ್ಮ ಸೊಪ್ಪಿನ ಮೊರ ಎತ್ತಿಕೊಂಡಳು. "ನಾಳೆ ನಿಮ್ ತಾತ ಸೀನಿದ್ರೂ ನನ್ ಮೇಲೇ ಬರುತ್ತೆ."

ಚಾಚಿದ ಕೈಯನ್ನು ಫಹ್ಮಿದಾ ಹಿಂದಕ್ಕೆ ತೆಗೆಯಲಿಲ್ಲ.