ಉಕ್ಕುಗಣ್ಣ ಸಾಯಬಾರದು

ಮಧ್ಯಾಹ್ನ ಮೂರು ದಾಟಿತ್ತು. ಬಾಕಿ ಉಳಿದಿದ್ದ ಕೊನೆಯ ಪುಟ ಐದೂವರೆಯ ಬಸ್ಸಿಗೆ ಬೆಂಗಳೂರಿನ ಪತ್ರಿಕೆಗೆ ಹೋಗದಿದ್ದರೆ ಮೃತ್ಯುಂಜಯನ ಚಿತ್ರಕಥೆ ಅಲ್ಲಿಗೇ ಖತಂ. ಅಂಥ ಹೊತ್ತಿನಲ್ಲಿ ಅವನ ಅವ್ವ ಪುಟ್ಟಬಸಮ್ಮ ಇಂಕಿನ ಬಾಟಲಿಯನ್ನು ಮಡಿಲಲ್ಲಿಟ್ಟುಕೊಂಡು ನಡುಮನೆಯ ಬಾಗಿಲಿಗೆ ಅಡ್ಡ ಕೂತುಬಿಟ್ಟಿದ್ದಳು.

ತೊಂಬತ್ತೈದರಿಂದ, ಅಂದರೆ ಎರಡು ವರ್ಷದಿಂದ, ಆ ಪಾಕ್ಷಿಕದಲ್ಲಿ ಕಪ್ಪು ಮುಖವಾಡದ ವೀರ ಕಾರಿರುಳನೂ ಕೇಡಿಗ ಉಕ್ಕುಗಣ್ಣನೂ ಊರು ಹಾಳುಮಾಡಿಕೊಂಡು ಬಡಿದಾಡುತ್ತಿದ್ದರು. ಸಂಪಾದಕರಿಗೆ ಸಾಕಾಗಿತ್ತು. "ಈ ಸಲ ಇಬ್ಬರಲ್ಲಿ ಒಬ್ಬನ ಹೆಣ ಬೀಳಲೇಬೇಕು" ಎಂದು ಬರೆದಿದ್ದರು. ಸಾಯುವವನು ಉಕ್ಕುಗಣ್ಣನೇ, ಅದರಲ್ಲಿ ಮೃತ್ಯುಂಜಯನಿಗೆ ಅನುಮಾನವಿರಲಿಲ್ಲ. ಅವನು ಮಾಡಿದ ಒಂದೇ ತಪ್ಪೆಂದರೆ, ಮೊದಲ ಕಂತಿನಲ್ಲಿ ಉಕ್ಕುಗಣ್ಣನಿಗೆ ತನ್ನ ತಮ್ಮ ಮಹೇಶನ ಮುಖ ಕೊಟ್ಟದ್ದು. ಮನೆಯಲ್ಲೇ ಬಿಟ್ಟಿ ಸಿಕ್ಕುವ ಮುಖ, ಜೊತೆಗೆ ಹುರಿಮೀಸೆ. ಅವ್ವ ಅಗ್ರಹಾರದ ಮನೆಮನೆಗೂ ಪತ್ರಿಕೆ ಹೊತ್ತು, "ನಮ್ಮ ಮಹೇಶ ಪುಸ್ತಕದಲ್ಲಿ ಬತ್ತಾನೆ" ಎಂದು ತೋರಿಸಿ ಬಂದಿದ್ದಳು. ಉಕ್ಕುಗಣ್ಣ ಸೇತುವೆ ಉರುಳಿಸಿದ ಸಲವೂ ತೋರಿಸಿದ್ದಳು. ಬರೆದವನ ಹೆಸರು ಕೆಳಗೆ ಇದ್ದೇ ಇತ್ತು. ಅದನ್ನು ಅವಳು ಯಾರಿಗೂ ತೋರಿಸಲಿಲ್ಲ.

"ಅವ್ವ, ಇಂಕ್ ಕೊಡು. ಇದು ಚಿತ್ರ ಕಣವ್ವ. ಮಹೇಶ ಬಟ್ಟೆ ಅಂಗಡಿಲಿ ಕಾಫಿ ಕುಡ್ಕಂಡು ಕೂತವ್ನೆ."

"ಬದುಕಿರೋ ಮಗನ್ನ ಹೆಣ ಮಾಡಿ ಬರೀತೀಯೇನೋ? ಬಿಡ್ತು ಅನ್ನು!"

"ಬಿಡ್ತು. ಈಗ ಕೊಡು."

ಕೊಡಲಿಲ್ಲ. ಮೃತ್ಯುಂಜಯ ಹಲ್ಲು ಕಚ್ಚಿಕೊಂಡು, ಪೆನ್ಸಿಲ್ಲಿನಲ್ಲಿ ಬರೆದಿದ್ದ ಉಕ್ಕುಗಣ್ಣನ ಮೀಸೆ ಅಳಿಸಿ ತಂದು ತೋರಿಸಿದ. ಮಹೇಶನೇ ಎಂದಳು. ಎದೆಯುದ್ದ ಗಡ್ಡ ಬಿಡಿಸಿದ. ಮಹೇಶನೇ. ಕೊನೆಗೆ ಮುಖವನ್ನೇ ಗೋಡೆ ಕಡೆ ತಿರುಗಿಸಿ ಬರೀ ಒಂದು ಕಿವಿ ಉಳಿಸಿದ.

"ಆ ಕಿವಿ ನಾನು ಹೆತ್ತಿದ್ದು ಕಣೋ," ಎಂದಳು ಪುಟ್ಟಬಸಮ್ಮ. "ನಂಗೆ ಗೊತ್ತಾಗಲ್ವಾ?"

ಗಂಟೆ ನಾಲ್ಕಾಯಿತು. ಅವನಿಗೆ ತಲೆ ಚಚ್ಚಿಕೊಳ್ಳುವಂತಾಯಿತು. ಇವಳ ಮುದ್ದಿನ ಮಗ ಸಾಯಬಾರದು, ಸರಿ, ಹಾಗಾದರೆ ಸಾಯಬೇಕಾದವನು ಇನ್ಯಾರು? ರೇಗಿದ ಕೈಯಲ್ಲೇ ಹೊಸ ಹಾಳೆ ಎಳೆದುಕೊಂಡ. ಉಕ್ಕುಗಣ್ಣ ನಿಂತ, ಕಾರಿರುಳ ಬಿದ್ದ. ಕಾರಿರುಳನ ಮುಖವಾಡದೊಳಗೆ ಯಾರಿದ್ದಾರೆಂದು ಓದುಗರು ಕಾಗದ ಬರೆದು ಬರೆದು ಕೇಳುತ್ತಿದ್ದರು. ಮೃತ್ಯುಂಜಯನಿಗೆ ಮಾತ್ರ ಗೊತ್ತಿತ್ತು. ಮುಖವಾಡದ ಕೆಳಗೆ ಕಾಣುವ ತುಟಿ, ಗದ್ದಗಳನ್ನು ಅವನು ಪ್ರತಿಸಲ ಗೋಡೆಯ ಕನ್ನಡಿ ನೋಡಿಯೇ ಬರೆಯುತ್ತಿದ್ದ. ಇವತ್ತು ಮುಖವಾಡ ಕಿತ್ತು, ಕನ್ನಡಿ ನೋಡುತ್ತ, ಹುಬ್ಬಿನ ಮೇಲಿನ ಹಳೆಯ ಗಾಯವೂ ತಪ್ಪದಂತೆ ತನ್ನ ಇಡೀ ಮುಖ ಬರೆದ. ಬರೆಯುತ್ತ ಬರೆಯುತ್ತ ಸಿಟ್ಟು ಇಳಿದು ಒಂದು ಆಸೆ ಹುಟ್ಟಿತು. ಅವ್ವ ಇದನ್ನು ನೋಡಿ, ಬಾಟಲಿಯನ್ನು ಇನ್ನೂ ಬಿಗಿಯಾಗಿ ಹಿಡಿದುಕೊಂಡು, ಇದೂ ಬೇಡ ಎನ್ನಬೇಕು. ಬಸ್ಸು ಹೋದರೆ ಹೋಗಲಿ.

ಹಾಳೆಯನ್ನು ಅವಳ ಮುಂದೆ ಹಿಡಿದ. ಪುಟ್ಟಬಸಮ್ಮ ಕನ್ನಡಕ ಹಾಕಿಕೊಂಡು ಬಹಳ ಹೊತ್ತು ನೋಡಿದಳು. ಉಕ್ಕುಗಣ್ಣ ನೆಟ್ಟಗೆ ನಿಂತಿರುವುದನ್ನು ಬೆರಳಿನಿಂದ ಮುಟ್ಟಿ ಖಾತ್ರಿ ಮಾಡಿಕೊಂಡಳು. ಆಮೇಲೆ ಬಿದ್ದವನ ಮುಖ ನೋಡಿ ಲೊಚಗುಟ್ಟಿದಳು.

"ಪಾಪ, ಯಾರು ಹೆತ್ತ ಮಗನೋ," ಎಂದು ಇಂಕಿನ ಬಾಟಲಿಯನ್ನು ಅವನ ಕೈಗಿಟ್ಟಳು. "ಬೇಗ ಬರ್ದ್ಬುಡು, ಬಸ್ಸಿಗೆ ಹೊತ್ತಾಯ್ತು."