ಕುಣಿತಕ್ಕೆ ಹೋದ ಸಾವಿನ ಹಾಡು

ಚರ್ಚಿನ ಸಭಾಂಗಣದಲ್ಲಿ ಪರದೆ ಕಟ್ಟಿ ಫಿನೆಯಾಸಿಯ ಸಿನಿಮಾ ತೋರಿಸುತ್ತಿದ್ದರು. ಅವನದು ಸಂಗೀತವಷ್ಟೇ. ಆದರೂ ಹಾಪೈ ದ್ವೀಪದ ಹುಡುಗ ಆಕ್ಲೆಂಡಿನಲ್ಲಿ ಹೆಸರು ಮಾಡಿದ್ದಾನೆಂದು ಊರಿಗೆ ಊರೇ ನೆರೆದಿತ್ತು. ಮುಂದಿನ ಸಾಲಿನಲ್ಲಿ, ಹಬ್ಬಕ್ಕೆ ಉಡುವಂತೆ ಸೊಂಟಕ್ಕೆ ಹೊಸ ಚಾಪೆ ಸುತ್ತಿಕೊಂಡು ಅವನ ಸೋದರತ್ತೆ ಕಲೊಲೈನೆ ಕೂತಿದ್ದಳು. ಎದೆನೋವಿನ ಮುದುಕಿ, ಮಗಳು ಲೂಪೆ ಬೇಡವೆಂದರೂ ಬಂದಿದ್ದಳು.

ತೆರೆಯ ಮೇಲೆ ಕಡಲ್ಗಳ್ಳರು ಹಂದಿ ಸುಟ್ಟು ತಿಂದು, ಒಬ್ಬರ ಮೇಲೊಬ್ಬರು ಬೀಳುತ್ತ ಕುಣಿಯತೊಡಗಿದರು. ಡೋಲಿನ ಜೊತೆಗೆ ಹೆಣ್ಣುದನಿಗಳು ಎದ್ದವು. ಕಲೊಲೈನೆಗೆ ರಾಗದ ಗುರುತು ಹತ್ತಿತು. ಅದು ಅವಳ ಮನೆತನದ ಸಾವಿನ ಹಾಡು. ಅಜ್ಜಿಯಿಂದ ತಾಯಿಗೆ, ತಾಯಿಯಿಂದ ಅವಳಿಗೆ ಬಂದದ್ದು. ಹೆಣದ ತಲೆಯ ಬಳಿ ಕೂತಾಗಲ್ಲದೆ ಬಾಯಿಗೆ ತರುವಂತಿಲ್ಲ. ಕೊನೆಯ ಸಲ ಅವಳು ಹಾಡಿದ್ದು ಸ್ವಂತ ತಮ್ಮನಿಗೆ, ಇದೇ ಫಿನೆಯಾಸಿಯ ಅಪ್ಪನಿಗೆ. ಸುತ್ತಲೂ ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಅವಳು ಎದ್ದು ಹೊರಟುಬಿಟ್ಟಳು.

ಬೆಳಗ್ಗೆ ಫಿನೆಯಾಸಿ ಸುಟ್ಟ ಹಂದಿ ಹೊತ್ತು ಬಂದ. ಎಂಥ ಜಾಣ ನೋಡಿ, ಮಾಡೋದೆಲ್ಲ ಮಾಡಿ ಹಂದಿ ತಂದಿಟ್ಟರೆ ಮುಗಿಯಿತಂತೆ!

"ಸಿಟ್ಟು ಮಾಡ್ಕೋಬೇಡಿ ಅತ್ತೆ. ಪದ ತಗೊಂಡಿಲ್ಲ, ರಾಗ ಅಷ್ಟೇ. ಪ್ರಪಂಚವೇ ನಮ್ಮ ಹಾಡು ಕೇಳ್ತಿದೆ."

"ಹಾಡು ಕೊಡು ಅಂತ ಪ್ರಪಂಚ ಬಂದು ನನ್ನ ಕಾಲು ಹಿಡಿದಿತ್ತೇನೋ? ನಿಮ್ಮಪ್ಪನ ಹೆಣದ ಮುಂದೆ ನಾನು ಗೋಳಾಡ್ತಿದ್ರೆ, ನೀನು ಬಾಗಿಲಾಚೆ ಫೋನ್ ಹಿಡ್ಕೊಂಡಿದ್ದೆ. ಅಪ್ಪನ ನೆನಪಿಗೆ ಅಂದ್ಕೊಂಡೆ. ಸರಕು ತುಂಬ್ಕೋತಿದ್ದೆ ಅಂತ ಗೊತ್ತಾಗ್ಲಿಲ್ಲ."

"ನಮ್ಮ ಮನೆತನದ್ದು, ನಂದೂ ಹೌದು ಅಂದ್ಕೊಂಡೆ."

ಅಷ್ಟಕ್ಕೆ ಮುದುಕಿ ಕೆಂಡವಾದಳು.

"ನಿಂದೂ ಅಂತೆ! ಲೂಪೆ ನಿಮ್ಮ ಹಟ್ಟಿಯ ಹಂದಿಗಳನ್ನೆಲ್ಲ ಹೊಡ್ಕೊಂಡು ಬಂದ್ರೂ ನೀನು ತುಟಿ ಬಿಚ್ಚೋ ಹಾಗಿಲ್ಲ. ಸೋದರಮಾವನ ಮನೆ ಅದು, ಅವಳ ಹಕ್ಕು. ನೀನು ತಮ್ಮನ ಮಗ. ನನ್ನ ಮನೆಯಿಂದ ತೆಂಗಿನ ಚಿಪ್ಪು ಎತ್ಕೋಬೇಕಾದ್ರೂ ನನ್ನ ಕೇಳ್ಬೇಕು. ಆಕ್ಲೆಂಡಿನ ನೀರು ಕುಡಿದು ಇದೂ ಮರ್ತೋಯ್ತಾ?"

ಅವನು ತಲೆ ತಗ್ಗಿಸಿದ. "ತಪ್ಪಾಯ್ತು ಅತ್ತೆ. ಆದ್ರೆ ವಾಪಸ್ ತಗೊಳ್ಳೋಕೆ ಆಗಲ್ಲ. ಕಂಪನಿಯವರ ಕೈ ಸೇರಿದೆ."

ಬೀದಿಯಲ್ಲಿ ಶಾಲೆಗೆ ಹೊರಟ ಮಕ್ಕಳು ಅದೇ ರಾಗ ಹಾಡುತ್ತ, ಕಡಲ್ಗಳ್ಳರ ಹಾಗೆ ತೂರಾಡುತ್ತ ಹೋದರು. ಬಾಗಿಲಲ್ಲಿ ನಿಂತಿದ್ದ ಲೂಪೆಯ ಕಣ್ಣು ತುಂಬಿತು. ತಾಯಿಯ ತಲೆಯ ಬಳಿ ಕೂತು ಹಾಡಬೇಕಾದವಳು ಅವಳೇ.

"ನಿನಗೆ ನಾನೇನು ಹಾಡ್ಲಮ್ಮ?"

"ಏನೂ ಬೇಡ. ನನ್ನ ಹೆಣದ ಮುಂದೆ ಜನ ಕಳ್ಳರ ಕುಣಿತ ನೆನೆಸ್ಕೊಂಡು ನಗೋದು ಬೇಡ."

ಆಮೇಲೆ ಮುದುಕಿ ಸೋದರಳಿಯನತ್ತ ತಿರುಗಿದಳು. ದನಿ ಏರಿಸಲಿಲ್ಲ.

"ನಾನು ಸತ್ತಾಗ ನೀನು ಬಂದೇ ಬರ್ತೀಯ. ತಮ್ಮನ ಮಗ ಅಂದ್ಮೇಲೆ ಹರಿದ ಚಾಪೆ ಸುತ್ಕೊಂಡು ಹಿತ್ತಲ ಒಲೆ ಮುಂದೆ ಕೂರೋನು ನೀನು, ಒಳಗೆ ಕಾಲಿಡೋ ಹಾಗಿಲ್ಲ. ಅಲ್ಲಿಂದಲೇ ಕಿವಿಗೊಟ್ಟು ಕೇಳು. ಒಳಗಿಂದ ಏನೂ ಕೇಳ್ಸಲ್ಲ. ಫೋನ್ ಹಿಡಿದು ಅದನ್ನೂ ತುಂಬ್ಕೊಂಡು ಹೋಗು."