ಹದಿನೇಳನೆಯ ಚೀಟಿ

ಎಲ್ಲಿ ನೋವು ಹೇಳಿ ಅಜ್ಜಾ, ಹೆದರ್ಬೇಡಿ, ನಾನಿದೀನಲ್ಲ – ಹಸಿರು ಪರದೆಯ ಆಚೆಯಿಂದ ಬರುವ ಈ ದನಿ ನನ್ನ ಹೆಂಡತಿಯದೇ, ಇಪ್ಪತ್ತೆರಡು ವರ್ಷ ಜೊತೆಗೆ ಬಾಳಿದವಳದೇ, ಆದರೂ ಆಸ್ಪತ್ರೆಯ ಬೆಂಚಿನ ಮೇಲೆ ಕೂತು ಯಾರದೋ ಎಂಬಂತೆ ಕೇಳುತ್ತಿದ್ದೇನೆ, ಪರದೆ ಗಾಳಿಗೆ ಸರಿದಾಗ ಕಾಣುತ್ತದೆ, ಮುದುಕನ ಮಣಿಕಟ್ಟಿನ ಮೇಲೆ ಅವಳ ಎರಡು ಬೆರಳು, ಡಾಕ್ಟರು ನೋಡುವ ಮೊದಲು ನಾಡಿ ಎಣಿಸಿ ಬರೆದಿಡುವುದು ಅವಳ ಕೆಲಸ, ಅದೆಷ್ಟು ಹಗುರ ಆ ಬೆರಳು – ಮನೆಯಲ್ಲಿ ಮಾತ್ರ ಬಾಯಿಗೆ ಬೀಗ, ಊಟಕ್ಕೆ ಬನ್ನಿ, ಲೈಟ್ ಆರ್ಸಿ, ಬಾಗಿಲು ಹಾಕಿದ್ರಾ, ದಿನಕ್ಕೆ ಮೂರು ಮಾತು, ಮೂರಕ್ಕೂ ಉತ್ತರ ಹೂಂ, ಹೂಂ ಎನ್ನುವವನು ನಾನೇ, ಒಪ್ಪಿದೆ, ದಿನವಿಡೀ ಕಂಡವರ ಹೊಲಿಗೆ ಯಂತ್ರ ಬಿಚ್ಚಿ ಜೋಡಿಸಿ ಬಂದವನಿಗೆ ಇನ್ನೇನು ಹೊಳೆಯಬೇಕು, ಮಗಳು ಹಾಸ್ಟೆಲ್ಲಿಗೆ ಹೋದ ಸಂಜೆ ಒಲೆಯ ಮುಂದೆ ನಿಂತಿದ್ದವಳ ಹೆಗಲ ಮೇಲೆ ಕೈಯಿಟ್ಟೆ – ಥೂ, ಎಣ್ಣೆ ಕೈ, ಬಿಳಿ ಯೂನಿಫಾರ್ಮು, ಮುಟ್ಬೇಡಿ – ಅಷ್ಟೇ, ಆಮೇಲೆ ನಾನು ಮುಟ್ಟಲಿಲ್ಲ, ಯಾಕೆಂದು ಅವಳೂ ಕೇಳಲಿಲ್ಲ, ನಾಲ್ಕು ವರ್ಷ, ನನಗೂ ಹಟ, ಅವಳಿಗೂ ಹಟ – ಇವತ್ತು ಸೋಪು ಹಾಕಿ ಮೂರು ಸಲ ತೊಳೆದಿದ್ದೇನೆ, ಉಗುರಿನ ಸಂದಿಗೂ ಬ್ರಷ್, ಅಂಗಡಿ ಮುಚ್ಚಿ ಬಂದು ಚೀಟಿ ತೆಗೆಸಿದ್ದೇನೆ, ಕಾಯಿಲೆಯೇನೂ ಇಲ್ಲ, ಐವತ್ತರ ಗಂಡಸು ಹೆಂಡತಿಯ ಕೈಯಲ್ಲಿ ನಾಡಿ ಹಿಡಿಸಿಕೊಳ್ಳಲು ಸರದಿಯಲ್ಲಿ ಕೂರುವುದೆಂದರೆ, ಗೊತ್ತಾದವರು ಬಿದ್ದು ಬಿದ್ದು ನಕ್ಕಾರು, ನಗಲಿ, ಆ ಸಿಸ್ಟರ್ ಮಾತಾಡಿಸಿದ್ರೆ ಅರ್ಧ ಕಾಯಿಲೆ ವಾಸಿ ಕಣ್ರೀ ಎನ್ನುತ್ತಾಳೆ ಪಕ್ಕದ ಹೆಂಗಸು, ವಾಸಿಯಂತೆ, ಹೊಟ್ಟೆ ಉರಿಯುತ್ತದೆ, ನನ್ನ ಪಾಲಿನದನ್ನೇ ಊರಿಗೆಲ್ಲ ಹಂಚುತ್ತಿದ್ದಾಳಲ್ಲ – ಏನು ಹೇಳಲಿ, ಎದೆನೋವೆನ್ನಲೇ, ಬೇಡ, ಹೆದರಿಯಾಳು, ಹೆದರಲಿ, ಒಂದು ಸಲವಾದರೂ – ಹದಿನೇಳು, ಯಾರ್ರೀ ಹದಿನೇಳು, ಏಳುತ್ತೇನೆ, ಪರದೆ ಸರಿಸುತ್ತೇನೆ, ತಲೆ ಬಗ್ಗಿಸಿ ಬರೆಯುತ್ತಿದ್ದಾಳೆ, ಕೂತ್ಕೊಳ್ಳಿ, ಎಲ್ಲಿ ನೋವು ಹೇಳಿ – ಅದೇ ದನಿ, ನನಗೇ, ಕೈ ಚಾಚುತ್ತೇನೆ, ಎರಡು ಬೆರಳು ಬರುತ್ತಿವೆ, ಇನ್ನೇನು ಮುಟ್ಟಬೇಕು, ಅಷ್ಟರಲ್ಲಿ ತಲೆ ಎತ್ತುತ್ತಾಳೆ – ಏನ್ರೀ, ಮನೆ ಕೀ ಮರ್ತು ಬಂದ್ರಾ – ಡ್ರಾಯರ್ ಎಳೆದ ಸದ್ದು, ತೊಳೆದ ಅಂಗೈ ಮೇಲೆ ಅವಳ ಕೀಲಿಕೈ ಬೀಳುತ್ತದೆ, ನನ್ನದು ಜೇಬಿನಲ್ಲೇ ಇದೆ, ಹೇಳಬೇಕು, ಈಗಲೇ ಹೇಳಬೇಕು, ಹೂಂ ಎನ್ನುತ್ತೇನೆ, ಹದಿನೆಂಟು ಯಾರು, ಬನ್ನಿ ಅಮ್ಮಾ, ಎಲ್ಲಿ ನೋವು – ಪರದೆ ಸರಿದು ಕಾಣುತ್ತದೆ, ಇನ್ನೊಬ್ಬರ ಮಣಿಕಟ್ಟು, ಅದರ ಮೇಲೆ ಎರಡು ಬೆರಳು, ಎರಡು ಬೆರಳು